ರಾಘಪ್ಪ ಕಾರಭಾರಿಗಳ ಐದನೆಯ ಹಾಳೆ

ಎಡಗೈ ಇರಲಿಕ್ಕಿಲ್ಲ, ಬಲಗೈಯೇ ಇರಬೇಕು. ಯಾಕೆಂದರೆ ವಾಡೆಯ ಬಾಗಿಲಿನಿಂದ ದಫ್ತರಕ್ಕೆ ಬರುವ ಇಕ್ಕಟ್ಟಿನ ಹಾದಿಯಲ್ಲಿ ಗೋಡೆ ಬಲಕ್ಕಿತ್ತು. ಅಥವಾ ಅವರು ಹೊರಗೆ ಹೋಗುವುದನ್ನೇ ನಾನು ಹೆಚ್ಚು ನೋಡಿದ್ದೇನೋ ಏನೋ. ಹಾಗಿದ್ದರೆ ಎಡಗೈ. ಯಾವ ಕೈಯಾದರೂ ಇರಲಿ, ರಾಘಪ್ಪ ಕಾರಭಾರಿಗಳು ನಡೆಯುವಾಗ ಎರಡು ಬೆರಳು ಗೋಡೆಗೆ ತಾಗಿಸಿಕೊಂಡೇ ನಡೆಯುತ್ತಿದ್ದರು. ಅವರ ಕಣ್ಣಿಗೆ ಏನೂ ಆಗಿರಲಿಲ್ಲ. ಅರ್ಧ ಹರದಾರಿ ದೂರದಲ್ಲಿ ಬರುವ ಕುದುರೆ ಯಾರದೆಂದು ಹೇಳುವಷ್ಟು ಚುರುಕಾಗಿತ್ತು. ಆದರೂ ಸುಣ್ಣದ ಗೋಡೆಯ ಮೇಲೆ ಸೊಂಟದೆತ್ತರಕ್ಕೆ ಅವರ ಬೆರಳಿನ ಒಂದು ಕಂದು ಗೆರೆ. ದೀಪಾವಳಿಗೆ ಸುಣ್ಣ ಬಳಿದರೆ ಸಂಕ್ರಾಂತಿಯೊಳಗೆ ಅದು ಮತ್ತೆ ಮೂಡುತ್ತಿತ್ತು.

ಅದು ಧೈರ್ಯವಂತರ ನಡಿಗೆ ಅಲ್ಲ. ಆದರೆ ಊರೆಲ್ಲ ಅವರನ್ನು ಧೈರ್ಯವಂತರು ಎನ್ನುತ್ತಿತ್ತು.

ರೋಣಕ್ಕೂ ಗಜೇಂದ್ರಗಡಕ್ಕೂ ನಡುವೆ ಹನ್ನೊಂದು ಹಳ್ಳಿಗಳ ಸಣ್ಣ ಸಂಸ್ಥಾನ ನಮ್ಮದು. ದೇಸಾಯರು ಮಕ್ಕಳಿಲ್ಲದೆ ತೀರಿಕೊಂಡ ಮೇಲೆ ಅವರ ಹೆಂಡತಿ ಬಾಯಿಸಾಹೇಬರ ಹೆಸರಿನಲ್ಲಿ ಆಳಿದವರು ರಾಘಪ್ಪನವರು. ನಾನು ಅವರ ಕೈಕೆಳಗೆ ಪತ್ರ ಬರೆಯುವ ಕಾರಕೂನ, ಸೂಡಿ ಊರಿನವನು. ಆಗ ನನಗೆ ಮೂವತ್ತು ದಾಟಿತ್ತು. ಹೆಂಡತಿ ಇದ್ದಳು, ಎರಡು ಮಕ್ಕಳಿದ್ದವು. ನನ್ನ ಅಂಜಿಕೆಗೆ ಇದನ್ನು ನೆಪವೆಂದು ಯಾರಾದರೂ ತಿಳಿದರೆ ತಿಳಿಯಲಿ.

ರಾಘಪ್ಪನವರು ಹೊಳೆಮಣ್ಣೂರಿನ ಕುಲಕರ್ಣಿಯ ಮಗ. ಒಂದು ವರ್ಷ ಮಲಪ್ರಭೆ ಏರಿ ಬಂದು ಮನೆಯನ್ನೂ ಊರಿನ ಹೊಲಗಳ ಕಾಗದಗಳನ್ನೂ ಕೊಂಡೊಯ್ದಿತಂತೆ. ಎಲ್ಲರೂ ತಮ್ಮ ತಮ್ಮ ಬದುವಿಗಾಗಿ ಬಡಿದಾಡಲು ನಿಂತಾಗ ಹದಿನೆಂಟರ ರಾಘಪ್ಪ ಹೊಲದಿಂದ ಹೊಲಕ್ಕೆ ನಡೆಯುತ್ತ, ಬೇವಿನ ಗಿಡ, ಕಲ್ಲು, ಹಳ್ಳದ ತಿರುವು ಎನ್ನುತ್ತ ಇಡೀ ಊರಿನ ಗಡಿಯನ್ನು ಬಾಯಿಪಾಠ ಹೇಳಿದನಂತೆ. ಅದನ್ನು ಕೇಳಿ ನಮ್ಮ ದೇಸಾಯರು ಕರೆಸಿಕೊಂಡರು. ಈ ಕಥೆಯನ್ನು ಅವರ ಬಾಯಿಯಿಂದಲೇ ಮೂರು ಸಲ ಕೇಳಿದ್ದೇನೆ. ಮೂರನೆಯ ಸಲ ಹೇಳುವಾಗ ನಕ್ಕು, "ಅದರಾಗ ಅರ್ಧಾ ನಾನs ಹುಟ್ಟಿಸಿ ಹೇಳಿದ್ದೆ ಬಿಡೋ ವೆಂಕಣ್ಣ. ಯಾರಿಗೂ ನೆನಪಿರಲಿಲ್ಲ. ಗಟ್ಟಿ ದನಿಲೆ ಹೇಳಿದವಂದು ಖರೇ ಆತು" ಎಂದಿದ್ದರು. ಮೂರನೆಯ ಸಲವೋ ಎರಡನೆಯದೋ.

ಅವರ ಕಾರಭಾರವೂ ಹೀಗೆಯೇ ಇತ್ತು. ಲಕ್ಕಲಕಟ್ಟಿಯ ಗೌಡರಿಗೂ ಪಕ್ಕದ ಊರಿನ ಗೌಡರಿಗೂ ಕೆರೆಯ ನೀರಿಗಾಗಿ ಜಗಳವಾದಾಗ ಇಬ್ಬರನ್ನೂ ಬೇಸಿಗೆಯ ಮಧ್ಯಾಹ್ನ ಒಡ್ಡಿನ ಮೇಲೆ ಎದುರುಬದುರು ಕೂಡಿಸಿದರು. "ಮಾತಾಡೂದು ಬ್ಯಾಡ. ಯಾರ ಬಾಯಿ ಮೊದಲ ಒಣಗತದ ಅವರು ಇನ್ನೊಬ್ಬರನ್ನ ನೀರು ಕೇಳ್ರಿ. ಕೇಳಿದವರು ಸೋತಂಗಲ್ಲ. ಕೊಡದವರು ಸೋತಂಗ." ಇಬ್ಬರಲ್ಲಿ ಯಾರು ಕೇಳಿದರೆಂದು ಮರೆತಿದೆ. ಜಗಳ ಮಾತ್ರ ಮುಗಿಯಿತು.

ಒಂದೇ ವಿಷಯದಲ್ಲಿ ಅವರು ಯಾರನ್ನೂ ನಂಬುತ್ತಿರಲಿಲ್ಲ. ನಮ್ಮಲ್ಲಿ ಪತ್ರಕ್ಕೆ ಎರಡು ಶಿಕ್ಕಾ, ಅಂದರೆ ಮುದ್ರೆ. ನೆತ್ತಿಯ ಮೇಲೆ ಸಂಸ್ಥಾನದ ದೊಡ್ಡ ಶಿಕ್ಕಾ. ಬರಹ ಮುಗಿದ ಕಡೆ ಸಣ್ಣದು, ಅದಕ್ಕೆ ಮೋರ್ತಬ ಎನ್ನುತ್ತೇವೆ. ಮಾತು ಇಲ್ಲಿಗೆ ಮುಗಿಯಿತು, ಇದರ ಕೆಳಗೆ ಬರೆದದ್ದು ನಮ್ಮದಲ್ಲ ಎಂದು ಅದರ ಅರ್ಥ. ಎರಡನ್ನೂ ಅವರು ಬಟ್ಟೆಯಲ್ಲಿ ಸುತ್ತಿ ಸೊಂಟಕ್ಕೆ ಕಟ್ಟಿಕೊಳ್ಳುತ್ತಿದ್ದರು. ಸ್ನಾನಕ್ಕೂ ಬಿಚ್ಚುತ್ತಿರಲಿಲ್ಲ. "ಮಾತು ಹೊಗಿ, ಬರದದ್ದು ಬೆಂಕಿ. ಹೊಗಿ ಕಣ್ಣು ಉರಸ್ತದ ಅಷ್ಟs. ಬೆಂಕಿ ಮನೀನs ಸುಡ್ತದ" ಎನ್ನುತ್ತಿದ್ದರು. ಇಂಥ ಮನುಷ್ಯರೇ ಒಂದು ತಪ್ಪು ಮಾಡಿದರು.

ಬಾಯಿಸಾಹೇಬರಿಗೆ ದತ್ತಕ ತೆಗೆದುಕೊಳ್ಳಲು ಕಂಪನಿ ಸರಕಾರದ ಪರವಾನಗಿ ಬೇಕಾಗಿತ್ತು. ಅದು ಸಿಗದಿದ್ದರೆ ಅವರ ನಂತರ ಸಂಸ್ಥಾನ ಸರಕಾರಕ್ಕೆ ಸೇರುತ್ತದೆ. ಅರ್ಜಿ ಹಿಡಿದು ರಾಘಪ್ಪನವರು ಧಾರವಾಡಕ್ಕೆ ಹೊರಟರು. ಎಂಟು ದಿನದ ಕೆಲಸ. ಅಷ್ಟರಲ್ಲಿ ಜರೂರಿನ ಪತ್ರ ಬರೆಯಬೇಕಾದರೆ? ಶಿಕ್ಕಾ ಬಿಟ್ಟುಹೋಗಲು ಅವರಿಗೆ ಮನಸ್ಸಾಗಲಿಲ್ಲ. ಅದಕ್ಕೆ ಬದಲು ಖಾಲಿ ಹಾಳೆಗಳ ನೆತ್ತಿಗೂ ಬುಡಕ್ಕೂ ಮೊದಲೇ ಶಿಕ್ಕಾ ಒತ್ತಿ, ನಡುವೆ ಜಾಗ ಬಿಟ್ಟು ನನ್ನ ಕೈಗೆ ಕೊಟ್ಟರು. ಬೇಕಾದಾಗ ನಾನು ಆ ನಡುವಿನಲ್ಲಿ ಬರೆಯುವುದು. ಹೊರಗೆ ಗಾಡಿ ಹೂಡಿತ್ತು. ನಾನು ಹಾಳೆಗಳನ್ನು ಎರಡೂ ಕೈಯಲ್ಲಿ ತೆಗೆದುಕೊಂಡು ಕಣ್ಣಿಗೊತ್ತಿ ಪೆಟ್ಟಿಗೆಯಲ್ಲಿಟ್ಟೆ.

ಎಣಿಸಲಿಲ್ಲ. ನಮ್ಮ ದಫ್ತರದಲ್ಲಿ ಹಿರಿಯರ ಕೈಯಿಂದ ತೆಗೆದುಕೊಂಡದ್ದನ್ನು ಅವರ ಮುಂದೆ ಎಣಿಸಿದರೆ ಅವರನ್ನು ಕಳ್ಳರೆಂದು ಕರೆದಂತೆ. ಕೊಟ್ಟವರು ಎಷ್ಟೆಂದು ಬಾಯಿಬಿಟ್ಟು ಹೇಳಿದರೆ ತೆಗೆದುಕೊಂಡವನನ್ನು ಕಳ್ಳನೆಂದಂತೆ. ಅವರು ಹೇಳಲಿಲ್ಲ. ಅವರು ಹೋದ ಮೇಲಾದರೂ ಪೆಟ್ಟಿಗೆ ತೆರೆದು ನಾನು ಎಣಿಸಬಹುದಾಗಿತ್ತು.

ಎಂಟನೆಯ ದಿನ ಮೈತುಂಬ ಧೂಳು ಮೆತ್ತಿಕೊಂಡು ಬಂದರು. ಅರ್ಜಿಗೆ ಸರಕಾರ ಹೌದು ಎಂದಿರಲಿಲ್ಲ, ಇಲ್ಲ ಎಂದೂ ಹೇಳಿರಲಿಲ್ಲ. ಕಾಲು ತೊಳೆಯುವ ಮೊದಲೇ ಕೇಳಿದರು.

"ಹಾಳಿ ಎಷ್ಟು ಖರ್ಚಾದುವು?"

"ಎರಡ ರೀ. ರೋಣಕ್ಕೊಂದು, ಗಜೇಂದ್ರಗಡಕ್ಕೊಂದು."

"ಹಂಗಾದರ ಮೂರು ಉಳದಾವು. ತಾ ಇಲ್ಲಿ."

ಪೆಟ್ಟಿಗೆಯಲ್ಲಿ ಎರಡಿದ್ದವು.

"ಐದು ಕೊಟ್ಟಿದ್ದೆನಲ್ಲೋ."

"ನಾಕ ಅಂತ ಕಾಣಸ್ತದ್ರಿ."

"ಕಾಣಸ್ತದ ಅಂದರ ಏನು? ಬೆಳ್ಳಿಚಿಕ್ಕಿ ಏನು, ಕಾಣಸಲಿಕ್ಕೆ?"

ದಫ್ತರದ ಕಾಗದ ಕಟ್ಟಿಟ್ಟ ಬಸ್ತಾಗಳನ್ನೆಲ್ಲ ಬಿಚ್ಚಿದೆವು. ಜಮಖಾನೆ ಕೊಡವಿದೆವು. ಸಿಗಲಿಲ್ಲ. ಆ ಎಂಟು ದಿನ ಬಾಯಿಸಾಹೇಬರ ತಮ್ಮ, ನಾವೆಲ್ಲ ಮಾಮಾಸಾಹೇಬರು ಎನ್ನುತ್ತಿದ್ದವರು, ದಿನಾಲೂ ದಫ್ತರಕ್ಕೆ ಬಂದು ಅದೇ ಪೆಟ್ಟಿಗೆಯ ಮೇಲೆ ಕುಳಿತು ಎಲೆಯಡಿಕೆ ಹಾಕಿಕೊಳ್ಳುತ್ತಿದ್ದರು. ಪೆಟ್ಟಿಗೆಯ ಕೀಲಿ ನನ್ನ ಜನಿವಾರದಲ್ಲಿತ್ತು. ಒಂದು ದಿನ ಎಣ್ಣೆ ಹಚ್ಚಿಕೊಳ್ಳುವಾಗ ತೆಗೆದು ಗೂಡಿನಲ್ಲಿಟ್ಟೆನೇ? ಇಟ್ಟಂತೆ ನೆನಪಿದೆ. ಆದರೆ ಆ ನೆನಪು ಆಮೇಲೆ, ಅಂಜಿಕೆಯಲ್ಲಿ, ನಾನೇ ಮಾಡಿಕೊಂಡದ್ದಾಗಿರಬಹುದು.

ಮಾಮಾಸಾಹೇಬರಿಗೂ ಕಾರಭಾರಿಗಳಿಗೂ ಅಷ್ಟಕ್ಕಷ್ಟೇ. ಅದಕ್ಕೂ ಮೊದಲು ಊರೂರಿನ ಬಂದೂಕು, ಕತ್ತಿಗಳನ್ನೆಲ್ಲ ಒಪ್ಪಿಸಬೇಕೆಂದು ಸರಕಾರದ ಹುಕುಂ ಬಂದಾಗ ರಾಘಪ್ಪನವರು ಎಲ್ಲವನ್ನೂ ಗಾಡಿಯಲ್ಲಿ ಹೇರಿ ಕಳಿಸಿದ್ದರು. "ಇನ್ನ ಬಳಿಗಾರನ್ನ ಕರಸ್ರಿ ಕಾರಭಾರಿಗಳs, ಎಲ್ಲಾರೂ ಬಳಿ ಇಟಗೊಳ್ಳೂಣು" ಎಂದು ಮಾಮಾಸಾಹೇಬರು ಜನರೆದುರು ಹಂಗಿಸಿದ್ದರು. ರಾಘಪ್ಪನವರು ಸಿಟ್ಟಾಗಲಿಲ್ಲ. "ಮೊದಲ ನನಗs ಇಡಸ್ರಿ, ಮಾಮಾಸಾಹೇಬ್ರ. ಬಳಿ ಇಟ್ಟ ಕೈಯಿಂದ ಉಣ್ಣಲಿಕ್ಕಾದರೂ ಬರತದ. ಕಡದ ಕೈಗೆ ಉಣ್ಣಸವರು ಯಾರು?" ಜನ ನಕ್ಕರು. ಮಾಮಾಸಾಹೇಬರು ನಗಲಿಲ್ಲ.

ಹಾಳೆ ಕಳೆದ ಕೆಲವೇ ದಿನಗಳಲ್ಲಿ ಮಾಮಾಸಾಹೇಬರು ನರಗುಂದಕ್ಕೆ ಹೋದರು. ಮುಂಗಾರು ಹತ್ತುವ ಹೊತ್ತಿಗೆ ನರಗುಂದ ಕಂಪನಿಯ ಮೇಲೆ ಎದ್ದಿತು. ನಾಲ್ಕೈದು ದಿನಗಳಲ್ಲಿ ಕೋಟೆ ಬಿತ್ತೆಂಬ ಸುದ್ದಿಯೂ ಬಂತು. ಸುದ್ದಿ ತಂದವನು ಇನ್ನೊಂದು ಮಾತು ಹೇಳಿದ. ಅರಮನೆಯ ಕಾಗದಗಳನ್ನೆಲ್ಲ ಗೋಣಿಚೀಲಗಳಲ್ಲಿ ತುಂಬಿಸಿ ಸಾಹೇಬರು ಒಯ್ದಿದ್ದಾರೆ. ಒಂದೊಂದನ್ನೂ ಓದಿಸುತ್ತಿದ್ದಾರೆ. ಯಾರ ಶಿಕ್ಕಾ ಸಿಕ್ಕಿತೋ ಅವರಿಗೆ ಹಗ್ಗ.

ಆ ದಿನದಿಂದ ನಮ್ಮ ಎರಡು ಶಿಕ್ಕಾಗಳ ನಡುವೆ 'ನಾವೂ ಬರುತ್ತೇವೆ, ಜನ ಕಳಿಸುತ್ತೇವೆ' ಎಂದು ಬೇರೆ ಯಾರದೋ ಕೈಬರಹ ಇರುವ ಒಂದು ಹಾಳೆ ಗೋಣಿಚೀಲದಲ್ಲಿ ಮಡಚಿಕೊಂಡು ಕುಳಿತಿರುವುದು ಹಗಲಲ್ಲೇ ಕಣ್ಣ ಮುಂದೆ ಬರುತ್ತಿತ್ತು. ಕುದುರೆಯ ಸಪ್ಪಳ ಕೇಳಿದರೆ ಹಿತ್ತಲಿಗೆ ಓಡುತ್ತಿದ್ದೆ. ಹೆಂಡತಿ ಹೊಟ್ಟೆ ಕೆಟ್ಟಿದೆಯೆಂದು ಓಂಕಾಳು ಕುದಿಸಿ ಕೊಟ್ಟಳು. ಅವಳಿಗೆ ಹೇಳಲಿಲ್ಲ. ಮಾಮಾಸಾಹೇಬರು ಮರಳಿ ಬರಲಿಲ್ಲ. ರಾಘಪ್ಪನವರು ಮಾತ್ರ ದಿನಾಲೂ ದಫ್ತರಕ್ಕೆ ಬಂದು, ಕುಳಿತು, ಒಂದಕ್ಷರವೂ ಬರೆಸದೆ ಎದ್ದು ಹೋಗುತ್ತಿದ್ದರು.

ಹುಕುಂ ಬಂದದ್ದು ಒಂದು ಮುಂಜಾನೆ. ಕಾರಭಾರಿ ತನ್ನ ಶಿಕ್ಕಾಗಳನ್ನು ತೆಗೆದುಕೊಂಡು ಸಾಹೇಬರ ದಂಡು ಬೀಡುಬಿಟ್ಟ ಛಾವಣಿಗೆ ಬರಬೇಕು. ಬಾಯಿಸಾಹೇಬರು ಪರದೆಯ ಹಿಂದಿನಿಂದ ಹೇಳಿದರು.

"ರಾಘಪ್ಪನವರs, ಹೋಗಬ್ಯಾಡ್ರಿ. ಜ್ವರ ಬಂದಾವಂತ ಬರಿಸಿ ಕಳಸ್ರಿ."

"ನಾ ಹೋಗದಿದ್ದರ ಅವರs ಬರತಾರ್ರಿ ಬಾಯಿಸಾಹೇಬ್ರ. ಅವರು ಬಂದರ ವಾಡೆ ಉಳಿಯೂದುಲ್ಲ."

ಆಮೇಲೆ ನನ್ನನ್ನು ದಫ್ತರದೊಳಗೆ ಕರೆದು ಬಾಗಿಲು ಮುಚ್ಚಿದರು. ಹೊರಗೆ ಜಿಟಿಜಿಟಿ ಮಳೆ.

"ವೆಂಕಣ್ಣ, ಒಂದs ಸಲ ಕೇಳ್ತೀನಿ. ನಾಕs, ಐದs?"

ನನಗೆ ಗೊತ್ತಿಲ್ಲ ಎನ್ನಬೇಕಾಗಿತ್ತು. ಆದರೆ ಗೊತ್ತಿಲ್ಲ ಎಂದರೆ ಐದು ಇದ್ದಿರಬಹುದು. ಐದು ಇದ್ದಿದ್ದರೆ ಕಳೆದವನು ನಾನು.

"ನಾಕ ರೀ. ಎಣಿಸಿದ್ದೆ."

"ಎಣಿಸಿದ್ದಿ?"

"ನೀವು ಹೋದ ಮ್ಯಾಲೆ. ಎರಡು ಸಲ ಎಣಿಸಿದ್ದೆ ರೀ."

ನನ್ನ ಮುಖ ನೋಡಿದರು. ಆಮೇಲೆ, "ಚಲೋ ಆತು" ಎಂದರು. "ಹಂಗಾದರ ಐದನೇದು ನನ್ನ ಹತ್ತರನs ಉಳದಿರಬೇಕು. ನನ್ನ ಕೈಯಾಗಿಂದನs ಹೋಗಿರಬೇಕು. ಕೇಳಿದರ ಹಂಗs ಹೇಳ್ತೀನಿ."

ಶಿಕ್ಕಾಗಳನ್ನು ಸೊಂಟಕ್ಕೆ ಕಟ್ಟಿಕೊಳ್ಳಲು ಹೋದರು. ಎರಡು ಸಲ ಹಾಕಿದರೂ ಗಂಟು ಬೀಳಲಿಲ್ಲ. ಅಂಥದ್ದನ್ನು ನಾನು ಅಂದೇ ಮೊದಲು ನೋಡಿದ್ದು. "ನೀನs ಹಾಕೋ. ಭಾಳ ಬಿಗಿ ಬ್ಯಾಡ. ಅಲ್ಲಿ ಸಾಹೇಬನ ಮುಂದ ಧೋತರಾ ಬಿಚ್ಚೂದಾದೀತು" ಎಂದರು. ನಾನು ನಗಲು ನೋಡಿದೆ. ಮೊಣಕಾಲೂರಿ ಗಂಟು ಹಾಕಿದೆ. ನಾನು ಎಣಿಸಿರಲೇ ಇಲ್ಲವೆಂದು ಆಗ ಹೇಳಬಹುದಾಗಿತ್ತು. ಗಾಡಿ ಹತ್ತುವವರೆಗೂ ಹೇಳಬಹುದಾಗಿತ್ತು. ಎರೆಮಣ್ಣಿನಲ್ಲಿ ಗಾಲಿ ಹೂತು, ನಾನೂ ಹೆಗಲು ಕೊಟ್ಟು ದೂಡಿದೆ, ಆಗಲೂ ಹೇಳಬಹುದಾಗಿತ್ತು.

ಅವರು ಮರಳಿ ಬರಲಿಲ್ಲ. ಛಾವಣಿಯಲ್ಲೇ ವಾಂತಿಭೇದಿಯಾಗಿ ತೀರಿಕೊಂಡರೆಂದು ಗಾಡಿ ಹೊಡೆದವನು ಹೇಳಿದ. ಮೊದಲ ದಿನವೇ ತನ್ನಿಂದ ಗಾಡಿ ಬಿಡಿಸಿಕೊಂಡು ತನ್ನನ್ನು ಊರಿಗೆ ಕಳಿಸಿದ್ದರು ಎಂದೂ ಅವನೇ ಹೇಳಿದ. ಎರಡೂ ಒಟ್ಟಿಗೆ ಖರೇ ಇರಲಾರವು. ಸಮುದ್ರದ ಆಚೆಗೆ ಕಳಿಸಿದರೆಂದು ಗಜೇಂದ್ರಗಡದ ವ್ಯಾಪಾರಿಯೊಬ್ಬ ಹೇಳಿದ. ಬಾಯಿಸಾಹೇಬರು ಬದುಕಿರುವವರೆಗೆ ಸಂಸ್ಥಾನ ಉಳಿಯಿತು. ಹೊಸ ಶಿಕ್ಕಾ ಮಾಡಿಸಿದರು, ಹೊಸ ಕಾರಭಾರಿ ಬಂದರು. ಅವರಿಗೂ ನಾನೇ ಪತ್ರ ಬರೆದೆ.

ಅಂಥ ಹಾಳೆ ಗೋಣಿಚೀಲದಲ್ಲಿ ಸಿಕ್ಕಿತೇ, ಗೊತ್ತಿಲ್ಲ. ಐದನೆಯದು ಎಂಬುದೊಂದು ಇತ್ತೇ, ಅದೂ ಗೊತ್ತಿಲ್ಲ. ನನ್ನ ಮಾತನ್ನು ಅವರು ನಂಬಿ ಹೋದರೋ, ಸುಳ್ಳೆಂದು ತಿಳಿದೇ ಹೋದರೋ ಗೊತ್ತಿಲ್ಲ. ಸಾಹೇಬರ ಮುಂದೆ ಅವರು ಏನು ಹೇಳಿದರೆಂದು ಹೇಳಬಲ್ಲವರು ಯಾರೂ ಈಗ ಇಲ್ಲ. ನನ್ನನ್ನು ಹುಡುಕಿಕೊಂಡು ಮಾತ್ರ ಯಾರೂ ಬರಲಿಲ್ಲ.