ಹುಳದ ಮನೆಯ ಹೊರಗೆ ನಿಂತ ಬ್ಯಾಟರಿ

ನಮ್ಮ ರೇಷ್ಮೆ ಹುಳದ ಮನೆಗೆ ಮಲ್ಲಿಗೆ ಮುಡಿದು ಬಂದವರನ್ನೂ ನಾನು ಬಾಗಿಲಲ್ಲೇ ತಡೆಯುವವಳು. ಬೀಡಿ, ಊದುಬತ್ತಿ, ನಮ್ಮತ್ತೆಯ ತಲೆನೋವಿನ ಮುಲಾಮು, ಯಾವ ವಾಸನೆಯೂ ಒಳಗೆ ಬರಕೂಡದು. ಹುಳ ಸೊಪ್ಪು ಮುಟ್ಟುವುದನ್ನೇ ಬಿಟ್ಟುಬಿಡುತ್ತದೆ. ನಮ್ಮ ಹುತ್ತೂರು ಕಡೆ ಯಾರನ್ನು ಬೇಕಾದರೂ ಕೇಳಿ.

ಅಂಥ ಮನೆಯೊಳಗೆ ಆಸಿಡ್ ಬ್ಯಾಟರಿ ಇಡೋಕೆ ಬಂದ ನಮ್ಮ ಮೈದುನ! ಅದೂ ಮಲಗಿಸಿ!

ಆ ಬೇಸಿಗೆಯಲ್ಲಿ ಕರೆಂಟಿಗೆ ನೆಲೆಯೇ ಇರಲಿಲ್ಲ. ಹುಳ ನಾಲ್ಕನೇ ಜ್ವರ, ಅಂದರೆ ಪೊರೆ ಬಿಡುವ ಕೊನೆಯ ನಿದ್ದೆ, ಮುಗಿಸಿ ಎದ್ದಿತ್ತು. ಇನ್ನೊಂದು ವಾರ ಫ್ಯಾನು ತಿರುಗಿದರೆ ಗೂಡು, ಇಲ್ಲದಿದ್ದರೆ ಇಡೀ ಬೆಳೆ ತಿಪ್ಪೆಗೆ. ಅದಕ್ಕೇ ಯುಪಿಎಸ್ ಹಾಕಿಸಿದ್ದು. ನರಸಾಪುರದ ಕಂಪನಿಯಲ್ಲಿ ಶಿಫ್ಟ್ ಮುಗಿಸಿದ ಮೈದುನ ಕೋಲಾರಕ್ಕೆ ಹೋಗಿ ಬ್ಯಾಟರಿಯನ್ನು ಆಟೋದಲ್ಲಿ ತಂದ. ಹುಳ ಸಾಕುವ ತಟ್ಟೆಗಳ ಸಾಲಿನಲ್ಲಿ ತೀರಾ ಕೆಳಗಿನದರಡಿ ತೂರಿಸಲು ನೋಡಿದ. ಎತ್ತರ ಸಾಲಲಿಲ್ಲ.

"ಮಲಗಿಸಿದ್ರೆ ಆಯ್ತಲ್ಲ ಅತ್ತಿಗೆ. ಔಷಧಿ ಹೊಡೆಯೋ ಮಿಷನ್ನಿನ ಬ್ಯಾಟರಿ ಮಲಗ್ಕೊಂಡೇ ಕೆಲಸ ಮಾಡಲ್ವಾ?"

"ಅದಕ್ಕೆ ಬಾಯಿಲ್ಲ ಕಣೋ, ಪೂರ್ತಿ ಸೀಲು. ಇದರ ತಲೆ ಮೇಲೆ ನೀರು ಹಾಕೋ ಮುಚ್ಚಳ ಇದಾವೆ, ಕಣ್ಣು ಬಿಟ್ಟು ನೋಡು. ಚಾರ್ಜ್ ಆಗುವಾಗ ಗ್ಯಾಸ್ ಅಲ್ಲಿಂದಲೇ ಬರೋದು. ಇದು ನಿಂತೇ ಇರ್ಬೇಕು, ಗಾಳಿಯಾಡೋ ಕಡೆ ಇರ್ಬೇಕು."

"ಕೋಲಾರದಿಂದ ನನ್ನ ಬ್ಯಾಗಿನ ಮೇಲೆ ಮಲಗಿಸ್ಕೊಂಡೇ ತಂದಿದೀನಿ. ಒಂದು ತೊಟ್ಟು ಚೆಲ್ಲಿಲ್ಲ!"

ನನ್ನ ಗಂಡ ಸೊಪ್ಪು ಕೊಯ್ಯುವ ನೆಪ ಹೇಳಿ ತೋಟಕ್ಕೆ ಜಾರಿಕೊಂಡ. ನಾನು ಹೋಗಿ ಹುಳದ ಮನೆಯ ಹೊಸಿಲ ಮೇಲೆ ಕೂತುಬಿಟ್ಟೆ. ದಾಟಿಕೊಂಡು ಹೋಗಲಿ, ನೋಡೋಣ!

"ಹೊಸಿಲ ಮೇಲೆ ಕೂರ್ತಾರೇನೇ? ಮನೆಗೆ ದರಿದ್ರ!" ಅಂತ ಅತ್ತೆ ಬೈದರು. ಅವರಿಗೆ ಸಿಟ್ಟು ನೆತ್ತಿಗೇರಿದರೆ ತೆಲುಗು ಬರುತ್ತದೆ. "ಚೆಪ್ತೇ ವಿನದು ಇದಿ!" ಹೇಳಿದ್ದು ಕೇಳೋಳಲ್ಲವಂತೆ. ಹೌದು, ಕೇಳೋಳಲ್ಲ. ರಾತ್ರಿ ಹಗಲು ಸೊಪ್ಪು ಹಾಕಿ ಸಾಕಿದವಳು ನಾನು.

ಕೊನೆಗೆ ಮೈದುನ ಗೊಣಗುತ್ತಾ ಬ್ಯಾಟರಿಯನ್ನು ಹೊರಗಿನ ಜಗಲಿಯಲ್ಲಿ, ಸೂರಿನಡಿ, ಹಲಗೆಯ ಮೇಲೆ ನೆಟ್ಟಗೆ ನಿಲ್ಲಿಸಿ ಕಿಟಕಿಯಿಂದ ವೈರು ಎಳೆದ. ಊಟ ಮಾಡದೆ ಮುಖ ಊದಿಸಿಕೊಂಡು ಮಲಗಿದ.

ಬೆಳಿಗ್ಗೆ ಅತ್ತೆ ಬ್ಯಾಗಿನಿಂದ ಮಗನ ಕಂಪನಿ ಪ್ಯಾಂಟು ತೆಗೆದು ಒಗೆಯಲು ಕೂತರು. ಕಲ್ಲಿಗೆ ಎರಡು ಸಲ ಬಡಿದು ಜಾಡಿಸಿದರೆ, ಅಯ್ಯೋ, ಪ್ಯಾಂಟಿನ ತುಂಬ ತೂತು! ಹಿಂದುಗಡೆಯಂತೂ ಹಿಟ್ಟಿನ ಜರಡಿ. ಒಂದು ತೊಟ್ಟೂ ಚೆಲ್ಲಿರಲಿಲ್ಲವಂತೆ! ನಾನು ಹೊಟ್ಟೆ ಹಿಡಿದುಕೊಂಡು ನಕ್ಕೆ. ಅತ್ತೆ ನಗಲಿಲ್ಲ. ಆ ಪ್ಯಾಂಟನ್ನೇ ಹಿಡಿದುಕೊಂಡು ಹುಳದ ಮನೆ ಕಡೆ ನೋಡುತ್ತಾ ನಿಂತರು.

ಬ್ಯಾಟರಿ ಅಂಗಡಿಯವನು ಬಂದು ಚೆಲ್ಲಿದಷ್ಟು ಆಸಿಡ್ ಮತ್ತೆ ತುಂಬಿ, ಬ್ಯಾಟರಿ ಸರಿ ಮಾಡಿ ಕೊಟ್ಟ. ಹುಳ ಹಣ್ಣಾಗಿ ಗೂಡಿಗೆ ಸಿದ್ಧವಾದ ದಿನ ಕರೆಂಟು ಹೋದದ್ದು ಸಂಜೆಯಾದರೂ ಬರಲಿಲ್ಲ. ಫ್ಯಾನು ಮಾತ್ರ ಗಿರಗಿರ ತಿರುಗುತ್ತಲೇ ಇತ್ತು. ಹುಳ ಬಿಟ್ಟ ಬಿದಿರಿನ ಚಂದ್ರಿಕೆಗಳ ತುಂಬ ಗೂಡು! ಕೋಲಾರದ ಗೂಡಿನ ಮಾರ್ಕೆಟ್ಟಿನಲ್ಲಿ ನಮ್ಮ ಗೂಡನ್ನು ಕೈಯಲ್ಲಿ ಹಿಡಿದವರೆಲ್ಲ "ಯಾರಮ್ಮ ಸಾಕಿದ್ದು?" ಅಂದರು. ನಾನೇ, ಅಂದೆ. ಎರಡೆರಡು ಸಲ ಅಂದೆ.

ಮುಂದಿನ ಬೆಳೆಗೆ ಪಕ್ಕದ ಮನೆಯವರೂ ಅಂಥದ್ದೇ ಬ್ಯಾಟರಿ ತಂದರು. ಹುಳದ ಮನೆಯ ಮೂಲೆಯಲ್ಲಿ ಮಲಗಿಸಿದರೆ ಜಾಗ ಉಳಿಯುತ್ತೆ ಅಂತ ಮಾತಾಡಿಕೊಳ್ಳುತ್ತಿದ್ದುದು ಕೇಳಿಸಿತು. ನಾನು ಸೆರಗು ಸಿಕ್ಕಿಸಿಕೊಂಡು ಓಡಿದೆ. ಅಷ್ಟರಲ್ಲಿ ನಮ್ಮತ್ತೆ ಪಕ್ಕದವರ ಹುಳದ ಮನೆಯ ಹೊಸಿಲ ಮೇಲೆ ಕಾಲು ಚಾಚಿ ಕೂತಾಗಿತ್ತು.