ತಳ ಹಿಡಿದ ಅನ್ನದ ಸಿನಿಮಾ

ಇರಾನಿನ ಆ ನಿರ್ದೇಶಕಿಯ ಸಿನಿಮಾ ಎಂದರೆ ನನಗೆ ಕಾಲೇಜು ದಿನಗಳಿಂದಲೂ ಹುಚ್ಚು. ಮೊದಲು ಶಾಲೆ ಬಿಟ್ಟ ಹುಡುಗಿಯರ ಕಥೆ ಮಾಡಿದರು, ಆಮೇಲೆ ಕಾರ್ಖಾನೆಯ ಹೆಂಗಸರದ್ದು, ವಿಚ್ಛೇದನಕ್ಕೆಂದು ಕೋರ್ಟು ಅಲೆಯುವವರದ್ದು. ವಯಸ್ಸಾದಂತೆ ಅವರ ಕ್ಯಾಮೆರಾ ಬೀದಿ ಬಿಟ್ಟು ಅಡುಗೆಮನೆ ಹೊಕ್ಕಿತು. ಮೈಸೂರಿನಿಂದ ಸಿಂಗಪುರದ ನಮ್ಮನೆಗೆ ಬಂದಿದ್ದ ಅಮ್ಮನದು ಮಾತ್ರ ಒಂದೇ ತಕರಾರು: "ಅದರಲ್ಲಿ ಏನೂ ನಡೆಯೋದೇ ಇಲ್ವಲ್ಲೇ." ಒಂದಾದರೂ ಅವಳಿಗೆ ಹಿಡಿಸಬೇಕು ಎನ್ನುವುದು ನನ್ನ ಬಹುದಿನದ ಹಟ.

ಈ ವರ್ಷ ಆ ನಿರ್ದೇಶಕಿಯೇ ಹೊಸ ಸಿನಿಮಾ ಹಿಡಿದುಕೊಂಡು ಸಿಂಗಪುರಕ್ಕೆ ಬಂದರು. ಲಿಟಲ್ ಇಂಡಿಯಾದ ಅಂಗಡಿಗಳಿಗೆ ಹೋಗೋಣ ಎಂದು ಅಮ್ಮನನ್ನು ಹೊರಡಿಸಿ, ನಮ್ಮನೆ ಹತ್ತಿರದ ಚೋವಾ ಚು ಕಾಂಗ್ ಸ್ಟೇಷನ್ನಿನಲ್ಲಿ ಎಂಆರ್‌ಟಿ ರೈಲು ಹತ್ತಿದ ಮೇಲೆ ನಿಜ ಹೇಳಿದೆ. ಅಮ್ಮ ಮುಖ ಊದಿಸಿಕೊಂಡು, ಸೆರಗು ಹೊದ್ದು ಕೂತಳು.

ಥಿಯೇಟರಿನಲ್ಲಿ ನಾನು ಇಂಗ್ಲಿಷ್ ಸಬ್‌ಟೈಟಲ್ ಓದಿ ಅವಳ ಕಿವಿಯಲ್ಲಿ ಪಿಸುಗುಡುತ್ತಿದ್ದೆ. ಒಂದು ದೃಶ್ಯದಲ್ಲಿ ಅತ್ತೆ ಪಾತ್ರೆಯ ತಳ ಕೆರೆದು, ಕೆಂಪಗೆ ಗಟ್ಟಿಯಾದ ಅನ್ನವನ್ನು ಹೊಸ ಸೊಸೆಯ ತಟ್ಟೆಗೆ ಹಾಕುತ್ತಾಳೆ. ಸೊಸೆ ತಲೆ ತಗ್ಗಿಸಿ ತಿನ್ನುತ್ತಾಳೆ. ತಿರುಗಿ ನೋಡಿದರೆ ಅಮ್ಮ ಅಳುತ್ತಿದ್ದಳು. ಕೂಡುಕುಟುಂಬದಲ್ಲಿ ಎಲ್ಲರ ಊಟವಾದ ಮೇಲೆ ಅವಳ ಪಾಲಿಗೆ ಉಳಿಯುತ್ತಿದ್ದದ್ದು ಆ ಸೀದ ಅನ್ನವೇ.

ಸಿನಿಮಾ ಮುಗಿದು, ನಿರ್ದೇಶಕಿ ವೇದಿಕೆಗೆ ಬಂದು ಪ್ರಶ್ನೆ ಕೇಳಬಹುದು ಎಂದಾಗ ಅಮ್ಮನ ಕೈ ಮೇಲೆದ್ದಿತ್ತು. ಇಷ್ಟು ವರ್ಷ ಆರಾಧಿಸಿದವರ ಎದುರು ಇವಳು ಏನು ಹೇಳಿಬಿಡುತ್ತಾಳೋ.

"ಆ ಅತ್ತೆಗೆ ಸ್ವಲ್ಪನಾದ್ರೂ ಕರುಣೆ ಬೇಡ್ವಾ ಅಂತ ಕೇಳು. ಹೊಸದಾಗಿ ಬಂದಿರೋ ಹುಡುಗಿಗೆ ಸೀದಿದ್ದು ಹಾಕ್ತಾರಾ?"

ವಿಧಿಯಿಲ್ಲದೆ ಇಂಗ್ಲಿಷಿನಲ್ಲಿ ಕೇಳಿದೆ. ನಿರ್ದೇಶಕಿ ಕಣ್ಣರಳಿಸಿದರು, ಆಮೇಲೆ ಬಿದ್ದು ಬಿದ್ದು ನಕ್ಕರು. ತಮ್ಮ ಕಡೆ ತಳದ ಅನ್ನವನ್ನು ಎಣ್ಣೆ ಹಾಕಿ, ಬೇಕೆಂದೇ ಗರಿಗರಿ ಮಾಡುತ್ತಾರಂತೆ. ಅದಕ್ಕಾಗಿ ಮನೆಮಂದಿಯೆಲ್ಲ ಕಿತ್ತಾಡುತ್ತಾರಂತೆ. ಸ್ವಂತ ಮಗನಿಗೂ ಕೊಡದೆ ಆ ಅತ್ತೆ ಅದನ್ನು ಸೊಸೆಗೆ ಬಡಿಸಿದ್ದಳು.

ಕನ್ನಡದಲ್ಲಿ ಹೇಳಿದೆ. ಅಮ್ಮ ನಗು ತಡೆಯಲಾರದೆ ಸೆರಗನ್ನು ಬಾಯಿಗೆ ಒತ್ತಿಕೊಂಡಳು. ಥಿಯೇಟರೇ ಅವಳ ಜೊತೆ ನಕ್ಕಿತು. ನನಗಂತೂ ಎದ್ದು ಕುಣಿಯಬೇಕು ಎನ್ನುವಷ್ಟು ಖುಷಿ.

ಹೊರಗೆ ಬಂದವಳೇ, "ನಾಳೆಗೂ ಟಿಕೆಟ್ ಬುಕ್ ಮಾಡು," ಎಂದಳು.

"ಇದೇ ಸಿನಿಮಾಗಾ?"

"ಹೂಂ. ಅದನ್ನ ತಿನ್ನೋವಾಗ ಆ ಹುಡುಗಿ ಮುಖ ಹೇಗಿತ್ತು ಅಂತ ನೋಡ್ಬೇಕು ಕಣೇ. ನಾನು ಅಳ್ತಾ ಕೂತ್ಬಿಟ್ಟೆ."