ಮಹದೇವಮ್ಮನಿಗೊಂದು ಕ್ವಾಂಟಂ ಪುಸ್ತಕ

ತಿ. ನರಸೀಪುರದ ಒಂದು ಪದವಿ ಕಾಲೇಜಿನಲ್ಲಿ ನಾನು ಹತ್ತೊಂಬತ್ತು ವರ್ಷಗಳಿಂದ ಭೌತಶಾಸ್ತ್ರ ಹೇಳಿಕೊಡುತ್ತಿದ್ದೇನೆ. ಕ್ವಾಂಟಂ ಸಿದ್ಧಾಂತ ಅನ್ನುವ ಪಾಠ ಪ್ರತಿವರ್ಷ ಬರುತ್ತದೆ, ಪ್ರತಿವರ್ಷ ಮುಗಿಯುತ್ತದೆ. ಮಕ್ಕಳು ಪರೀಕ್ಷೆ ಬರೆದು ಪಾಸೂ ಆಗುತ್ತಾರೆ. ಅದು ಅರ್ಥವಾಗದೆ ಉಳಿದವನು ನಾನೊಬ್ಬನೇ. ಈ ಗುಟ್ಟು ಯಾರಿಗೂ ತಿಳಿಯದೆ ನಿವೃತ್ತಿಯವರೆಗೂ ಸಾಗುತ್ತದೆ ಎಂದು ನೆಮ್ಮದಿಯಾಗಿದ್ದೆ. ಆ ನೆಮ್ಮದಿಯನ್ನು ಕೆಡಿಸಿದವರು ನಮ್ಮ ಲ್ಯಾಬ್ ಅಟೆಂಡರ್ ಮಹದೇವಮ್ಮ.

ಮಹದೇವಮ್ಮ ಮುಡುಕುತೊರೆಯ ಕಡೆಯವರು. ಪಿಯುಸಿಯಲ್ಲಿ ವಿಜ್ಞಾನ ತೆಗೆದುಕೊಂಡು, ಭೌತಶಾಸ್ತ್ರದಲ್ಲೇ ಫೇಲಾಗಿ, ಮದುವೆಯಾಗಿ ಸುಮ್ಮನಾದವರು. ಇದೇ ಕಾಲೇಜಿನಲ್ಲಿ ಅಟೆಂಡರ್ ಆಗಿದ್ದ ಗಂಡ ತೀರಿಕೊಂಡಾಗ ಅನುಕಂಪದ ಮೇಲೆ ಅವರಿಗೆ ಕೆಲಸ ಸಿಕ್ಕಿತು. ಫೇಲು ಮಾಡಿದ ಭೌತಶಾಸ್ತ್ರದ ಲ್ಯಾಬಿಗೇ ಹಾಕಿದರು. ಅಂದಿನಿಂದ ಮಸೂರ ಒರೆಸುವುದು, ತಂತಿ ಜೋಡಿಸುವುದು, ದೀಪ ಹಚ್ಚಿಡುವುದು, ಎಲ್ಲ ಅವರದೇ. ಹೊಸದಾಗಿ ಬಂದ ಅಧ್ಯಾಪಕರಿಗೆ ಯಾವ ಉಪಕರಣದ ಯಾವ ತಿರುಪು ಸವೆದಿದೆ ಎಂದು ಹೇಳಿಕೊಡುವವರೂ ಅವರೇ. ನನಗೂ ಅವರೇ ಹೇಳಿಕೊಟ್ಟಿದ್ದು.

ಕಳೆದ ಜುಲೈನಲ್ಲಿ ಒಂದು ದಿನ, ಪ್ರಾಕ್ಟಿಕಲ್ ಮುಗಿದು ಹುಡುಗರೆಲ್ಲ ಹೋದ ಮೇಲೆ, ಪಾದರಸದ ದೀಪವನ್ನು ಆರಿಸದೆ ಅವರು ನನ್ನ ಮೇಜಿನ ಹತ್ತಿರ ಬಂದು ನಿಂತರು.

"ಸಾ, ಒಂದ್ ಮಾತ್ ಕೇಳ್ತೀನಿ, ಬೇಜಾರ್ ಮಾಡ್ಕಬಾರ್ದು. ಈ ಲೈಟ್ ಆಕಿ, ಪ್ರಿಸಂ ಇಟ್ಟು ದುರ್ಬೀನಲ್ಲಿ ನೋಡುದ್ರೆ ನೇರಳೆ ಗೆರೆ ಒಂದ್ ಕಡೆ, ಅಸ್ರು ಒಂದ್ ಕಡೆ, ಅಳದಿ ಜೋಡಿ ಗೆರೆ ಒಂದ್ ಕಡೆ ಬತ್ತವೆ. ಇಪ್ಪತ್ತೇಳ್ ವರ್ಸದಿಂದ ನೋಡ್ತಾ ಇವ್ನಿ, ಒಂದ್ ಕೂದ್ಲೆಳೆಯಷ್ಟೂ ಜರುಗಿಲ್ಲ. ಮಧ್ಯದ ಜಾಗ್ದಲ್ಲಿ ಯಾಕ್ ಬರಾಕಿಲ್ಲ?"

ಕ್ವಾಂಟಂ ಸಿದ್ಧಾಂತ ಹುಟ್ಟಿದ್ದೇ ಇಂಥ ಪ್ರಶ್ನೆಗಳಿಂದ. ನಾನು ಕೂಡಲೇ ನನ್ನ ಮಾಮೂಲು ಭಾಷಣ ತೆಗೆದೆ. ಎಲೆಕ್ಟ್ರಾನು ಕಣವೂ ಹೌದು, ಅಲೆಯೂ ಹೌದು. ನಮ್ಮ ಸಂಗಮದಲ್ಲಿ ಕಾವೇರಿ ಎಲ್ಲಿ ಮುಗಿಯಿತು, ಕಪಿಲೆ ಎಲ್ಲಿ ಶುರುವಾಯಿತು ಎಂದು ಬೆರಳಿಟ್ಟು ತೋರಿಸಲು ಆಗುತ್ತದೆಯೇ? ತರಗತಿಯಲ್ಲಿ ಪ್ರತಿವರ್ಷ ತಲೆದೂಗಿಸಿಕೊಂಡ ಉಪಮೆ ಅದು.

"ಎಲ್ಡೂ ನೀರೇ ಅಲ್ವಾ ಸಾ," ಎಂದರು ಮಹದೇವಮ್ಮ. ಆಮೇಲೆ ಸ್ವಲ್ಪ ಹಿಂಜರಿದು, "ನೀವು ಬ್ಯಾರೆ ಪಾಠವೆಲ್ಲ ಮೆಲ್ಲಗೆ ಮಾಡ್ತೀರಿ. ಈ ಪಾಠ ಬಂದ್ರೆ ಮಾತ್ರ ಜೋರಾಗ್ ಮಾತಾಡ್ತೀರಿ. ಲ್ಯಾಬ್ ಗೋಡೆ ಈಚೆಗೂ ಕೇಳ್ತದೆ," ಎಂದರು.

ನನ್ನ ಹತ್ತೊಂಬತ್ತು ವರ್ಷದ ಗುಟ್ಟು ಗೋಡೆಯಾಚೆ ಕುಳಿತು ಮಸೂರ ಒರೆಸುತ್ತಿತ್ತು ಎಂದು ಅವತ್ತು ಗೊತ್ತಾಯಿತು.

"ಯಾವ್ದಾರ ಒಂದ್ ಪುಸ್ತಕ ಕೊಡಿ ಸಾ, ಮೊದಲ್ನೇ ಪುಸ್ತಕ. ಬರೋ ಮಾರ್ಚಿಗೆ ನಂಗೆ ರಿಟೈರು. ಇಷ್ಟ್ ವರ್ಸ ದೀಪ ಹಚ್ಚಿದೀನಿ, ಏನ್ ಹಚ್ಚಿದೆ ಅಂತ ಗೊತ್ತಿಲ್ದಲೇ ಮನೆಗ್ ಓಗೋದಾ?"

"ಅದಕ್ಕೇನಂತೆ, ತಂದುಕೊಡ್ತೀನಿ ಬಿಡಿ," ಎಂದೆ, ಅಂಗಡಿಯಿಂದ ಅರ್ಧ ಕೆ.ಜಿ. ಸಕ್ಕರೆ ತಂದುಕೊಡುವವನ ಧಾಟಿಯಲ್ಲಿ.

ಇಲ್ಲಿಂದ ಮುಂದೆ ನಾನು ಪಟ್ಟ ಪಾಡನ್ನು, ಓದುಗರೇ, ಸ್ವಲ್ಪ ಸಹನೆಯಿಂದ ಕೇಳಬೇಕು. ಕ್ವಾಂಟಂ ಸಿದ್ಧಾಂತಕ್ಕೆ 'ಪ್ರವೇಶ' ಎಂದು ಹೇಳಿಕೊಳ್ಳುವ ಪುಸ್ತಕಗಳಿಗೆ ಲೆಕ್ಕವಿಲ್ಲ. ಪ್ರವೇಶ ಅಂದ ಮೇಲೆ ಬಾಗಿಲಿರಬೇಕು. ಇವುಗಳಲ್ಲಿ ತೋರಣವಿದೆ, ರಂಗೋಲಿಯಿದೆ, ಸುಸ್ವಾಗತ ಎಂಬ ಫಲಕವಿದೆ, ಬಾಗಿಲೊಂದಿಲ್ಲ.

ಮೊದಲು ಕೊಟ್ಟದ್ದು ಒಂದು ಕನ್ನಡ ಪುಸ್ತಕ. ಕನ್ನಡದಲ್ಲಿದೆ ಎಂಬ ಒಂದೇ ಧೈರ್ಯದ ಮೇಲೆ ಕೊಟ್ಟೆ. ನಾಲ್ಕನೇ ದಿನಕ್ಕೆ ವಾಪಸು ಬಂತು. "ಇದು ಸಂಸ್ಕೃತದ ಪುಸ್ತಕವಾ ಸಾ?" ಎಂದು ಕೇಳಿದರು. ತೆರೆದು ನೋಡಿದರೆ 'ತರಂಗ ಫಲನಗಳ ರೇಖೀಯ ಅಧ್ಯಾರೋಪಣ' ಎಂದಿತ್ತು. ಬರೆದವರಿಗೆ ಪದಕ್ಕೆ ಪದ ಸಿಕ್ಕಿದೆ. ಓದುವವರಿಗೆ ಏನು ಸಿಗಬೇಕು ಎಂಬ ಯೋಚನೆ ಮಾಡಲು ಪುರಸೊತ್ತು ಸಿಕ್ಕಿಲ್ಲ.

ಎರಡನೆಯದು ಇಂಗ್ಲಿಷಿನದು. 'ಗಣಿತದ ಗಂಧವೇ ಬೇಡ' ಎಂದು ರಕ್ಷಾಪುಟದ ಮೇಲೆಯೇ ಆಣೆ ಮಾಡಿದ್ದರು. ನಾನು ಓದಿ, ಊಟದ ಹೊತ್ತಿನಲ್ಲಿ ಮಹದೇವಮ್ಮನಿಗೆ ಕನ್ನಡದಲ್ಲಿ ಹೇಳುವುದೆಂದು ಒಪ್ಪಂದ. ಮೊದಲ ಅಧ್ಯಾಯದಲ್ಲೇ ಪೆಟ್ಟಿಗೆಯೊಳಗೆ ಒಂದು ಬೆಕ್ಕು. ಅದು ಸತ್ತೂ ಇದೆ, ಬದುಕಿಯೂ ಇದೆ. ಮೂರನೇ ಅಧ್ಯಾಯದಲ್ಲಿ ಮತ್ತೆ ಬೆಕ್ಕು. ಏಳರಲ್ಲಿ ಅನೇಕ ಲೋಕಗಳು, ಲೋಕಕ್ಕೊಂದರಂತೆ ಬೆಕ್ಕು.

"ಪಾಪದ್ ಜೀವ, ಅದ್ನ ಯಾಕ್ ಇಂಗ್ ಗೋಳುಯ್ಕೊತಾರೆ ಸಾ? ಗೆರೆ ಇಚಾರ ಯಾವಾಗ್ ಬತ್ತದೆ?" ಎಂದು ಮಹದೇವಮ್ಮ ದಿನವೂ ಕೇಳಿದರು. ಕೊನೆಯ ಪುಟದವರೆಗೂ ಗೆರೆಯ ವಿಚಾರ ಬರಲಿಲ್ಲ. ಅಕ್ಷರ ಕಲಿಸುವವರು ಯಾರೂ ಕ್ಷ, ಜ್ಞಗಳಿಂದ ಶುರುಮಾಡುವುದಿಲ್ಲ. ಕ್ವಾಂಟಂ ಕಲಿಸುವವರು ಮಾತ್ರ ಅಲ್ಲಿಂದಲೇ ಶುರುಮಾಡಿ, ಅ ಆ ಇ ಈ ನಿಮಗೆ ಗೊತ್ತೇ ಇದೆಯಲ್ಲ ಎಂದು ನಕ್ಕು ಮುಂದೆ ಹೋಗುತ್ತಾರೆ.

ಮೂರನೆಯದರ ಪೀಠಿಕೆಯಲ್ಲಿ, ಈ ವಿಷಯ ಯಾರಿಗೂ ಪೂರ್ತಿ ಅರ್ಥವಾಗುವುದಿಲ್ಲ, ಆದ್ದರಿಂದ ಹೆದರಬೇಡಿ ಎಂದು ಬರೆದಿತ್ತು. ಈಜು ಕಲಿಸುವವನು ನದಿಯ ದಡದಲ್ಲಿ ನಿಂತು, ಇಲ್ಲಿ ಇಳಿದವರು ಯಾರೂ ಮೇಲೆ ಬಂದಿಲ್ಲ, ಧೈರ್ಯವಾಗಿ ಇಳಿಯಿರಿ ಎಂದ ಹಾಗಾಯಿತು. ಅದನ್ನು ಮಹದೇವಮ್ಮನಿಗೆ ತೋರಿಸಲೇ ಇಲ್ಲ.

ರೋಸಿಹೋಗಿ ಮೈಸೂರಿನ ಹಳೆಯ ಪುಸ್ತಕದಂಗಡಿಯಿಂದ ಒಂದು ಗಟ್ಟಿ ಪಠ್ಯಪುಸ್ತಕವನ್ನೇ ತಂದೆ. ಅದಕ್ಕೂ 'ಆರಂಭಿಕರಿಗೆ' ಎಂದೇ ಹೆಸರು. ವಾಪಸು ನರಸೀಪುರಕ್ಕೆ ಬರುವ ಬಸ್ಸಿನಲ್ಲಿ ತೊಡೆಯ ಮೇಲಿಟ್ಟುಕೊಂಡು ಓದತೊಡಗಿದೆ. ಇಪ್ಪತ್ತಮೂರನೇ ಪುಟದಲ್ಲಿ ಒಂದು ಸಮೀಕರಣ, ಅದರ ಕೆಳಗೆ 'ಇದರಿಂದ ಸುಲಭವಾಗಿ ತೋರಿಸಬಹುದು' ಎಂಬ ಸಾಲು, ಅದರ ಕೆಳಗೆ ಮೊದಲಿನದಕ್ಕೆ ಯಾವ ನಂಟೂ ಇಲ್ಲದ ಇನ್ನೊಂದು ಸಮೀಕರಣ. ಆ ಎರಡರ ನಡುವಿನ ಸುಲಭವನ್ನು ಹುಡುಕಲು ಮೂರು ಭಾನುವಾರ ಹಿಡಿಯಿತು. ಊಟದ ಮೇಜಿನ ತುಂಬ ಕಾಗದ ಹರಡಿಕೊಂಡು ಕೂತದ್ದನ್ನು ನೋಡಿ ನೋಡಿ ನನ್ನ ಹೆಂಡತಿ, "ನೀವು ಪಾಠ ಮಾಡೋದೂ ಇದನ್ನೇ ಅಲ್ವಾ? ಹಾಗಾದರೆ ಇಷ್ಟು ದಿನ ಏನು ಮಾಡ್ತಿದ್ರಿ?" ಎಂದಳು. ಗಣಿತ ಬರದವರಿಗೆ ಇಷ್ಟು ಮೂಲಭೂತವಾದ ಪ್ರಶ್ನೆಗಳು ಹೇಗೆ ಹೊಳೆಯುತ್ತವೋ ಕಾಣೆ.

ಡಿಸೆಂಬರ್ ಬಂತು. ಮಾರ್ಚಿಗೆ ಉಳಿದದ್ದು ಮೂರು ತಿಂಗಳು. ಮಹದೇವಮ್ಮ ಕೇಳುವುದನ್ನು ಬಿಟ್ಟಿದ್ದರು. ನಾನು ಲ್ಯಾಬಿಗೆ ಬಂದರೆ ಸುಮ್ಮನೆ ಕುರ್ಚಿ ಸರಿಸಿಕೊಟ್ಟು ಅತ್ತ ಹೋಗುತ್ತಿದ್ದರು. ಅವರು ಕೇಳುತ್ತಿದ್ದಾಗ ಆಗುತ್ತಿದ್ದ ಕಿರಿಕಿರಿಗಿಂತ ಕೇಳದಿದ್ದಾಗ ಆದ ನಾಚಿಕೆ ಹೆಚ್ಚಾಯಿತು. ಒಂದು ಮಧ್ಯಾಹ್ನ ಹೋಗಿ, "ಮಹದೇವಮ್ಮ, ನಿಮ್ಮ ಪ್ರಶ್ನೆಗೆ ಉತ್ತರ ನನಗೂ ಗೊತ್ತಿಲ್ಲ. ಪರೀಕ್ಷೆಯಲ್ಲಿ ಬರೆಯುವಷ್ಟು ಗೊತ್ತು. ನಿಮಗೆ ಹೇಳುವಷ್ಟು ಗೊತ್ತಿಲ್ಲ," ಎಂದೆ.

"ಗೊತ್ತು ಸಾ," ಎಂದರು, ಕೈಯಲ್ಲಿದ್ದ ಕೆಲಸ ಬಿಡದೆ. "ಅದ್ಕೇ ನಿಮ್ಮನ್ ಕೇಳಿದ್ದು. ಪೂರಾ ಗೊತ್ತಿರೋರ್ ತಾವ ಕೇಳಕ್ಕೆ ನಂಗೆ ಭಯ."

ಅವರ ಕೈಯಲ್ಲಿದ್ದ ಕೆಲಸವೆಂದರೆ ಮೊದಲ ವರ್ಷದವರಿಗೆ ದಾರದ ಪ್ರಯೋಗ ಜೋಡಿಸುವುದು. ವಿದ್ಯುತ್ತಿನಿಂದ ನಡುಗುವ ಒಂದು ಉಕ್ಕಿನ ಕವೆಗೋಲಿಗೆ ದಾರದ ಒಂದು ತುದಿ ಕಟ್ಟಿ, ಇನ್ನೊಂದು ತುದಿಯನ್ನು ಗಾಲಿಯ ಮೇಲೆ ಹಾಯಿಸಿ ತೂಕದ ಬಟ್ಟಲು ಕಟ್ಟುತ್ತಾರೆ. ತೂಕ ಸರಿಯಾದಾಗ ದಾರ ಉಬ್ಬುಬ್ಬಾಗಿ ನಿಂತ ಹಾಗೆ ಕಾಣುತ್ತದೆ. ಎರಡು ಉಬ್ಬು, ಮೂರು ಉಬ್ಬು. ನಡುವಿನ ತೂಕ ಹಾಕಿದರೆ ಸುಮ್ಮನೆ ತಡಬಡಾಯಿಸುತ್ತದೆ. ಏನೋ ಹೊಳೆದು, ನಾನು ಅವರನ್ನೇ ಕೇಳಿದೆ: "ಮಹದೇವಮ್ಮ, ಇದರಲ್ಲಿ ಎರಡೂವರೆ ಉಬ್ಬು ಬರಿಸಬಹುದಾ?"

"ಎಲ್ಲಾರಾ ಉಂಟಾ ಸಾ? ಎಲ್ಡೂ ತುದಿ ಕಟ್ಟಾಕಿದ್ ಮ್ಯಾಲೆ ಅರ್ಧ ಉಬ್ಬು ಎಂಗ್ ನಿಂತದು? ಎಲ್ಡು, ಇಲ್ಲಾ ಮೂರು." ಇಷ್ಟು ಹೇಳಿ ಅವರ ಕೈ ನಿಂತಿತು. ದಾರವನ್ನೇ ನೋಡಿದರು. ಆಮೇಲೆ ಕೋಣೆಯ ಆ ಮೂಲೆಯಲ್ಲಿ ಮುಸುಕು ಹೊದ್ದು ಕೂತಿದ್ದ ಪಾದರಸದ ದೀಪದ ಕಡೆ ತಿರುಗಿದರು. "ಆ ಎಲೆಕ್ಟ್ರಾನೂವೆ ಅಲೆ ಅಂದ್ರಲ್ಲ ಸಾ ನೀವು. ಅದ್ನೂ ಕಟ್ಟಾಕವ್ರಾ?"

"ಹೌದು, ಪರಮಾಣುವಿನೊಳಗೆ."

"ಅಂಗಾರೆ ಅದ್ಕೂ ಲೆಕ್ಕದಷ್ಟೇ ಉಬ್ಬು. ಒಂದ್ರಿಂದ ಒಂದುಕ್ ಇಳ್ದಾಗ ಒಂದೊಂದ್ ಗೆರೆ ಅಂತ ಪಾಠದಲ್ಲಿ ಅಂತಿದ್ರಲ್ಲ ಸಾ. ಮಧ್ಯ ಇಲ್ದೆ ಇದ್ರೆ ಮಧ್ಯದ್ ಗೆರೆ ಎಲ್ಲಿಂದ ಬಂದಾದು?"

ನಾನು ಕುರ್ಚಿ ಹುಡುಕಿಕೊಂಡು ಕುಳಿತೆ. ದಾರದ ಪಾಠ ಮೊದಲ ವರ್ಷದಲ್ಲಿ, ಗೆರೆಯ ಪಾಠ ಮೂರನೇ ವರ್ಷದಲ್ಲಿ. ಎರಡನ್ನೂ ನಾನೇ ಹೇಳುತ್ತೇನೆ, ಬೇರೆ ಬೇರೆ ನೋಟ್ಸ್ ಹಿಡಿದು. ಎರಡನ್ನೂ ಒಂದೇ ಕೋಣೆಯಲ್ಲಿ, ಒಂದೇ ಬಟ್ಟೆಯಿಂದ ಒರೆಸಿದವರಿಗೆ ನಂಟು ಕಂಡಿತು. ಮನೆಗೆ ಬಂದು ಸಿಟ್ಟಿನಿಂದ ಆ ಗಟ್ಟಿ ಪುಸ್ತಕ ತಿರುವಿಹಾಕಿದೆ. ದಾರದ ಮಾತು ಅದರಲ್ಲಿಯೂ ಇತ್ತು: ನೂರೆಂಬತ್ತು ಪುಟ ದಾಟಿದ ಮೇಲೆ, ಅಡಿಟಿಪ್ಪಣಿಯಲ್ಲಿ, ಸಣ್ಣ ಅಕ್ಷರದಲ್ಲಿ.

ಮರುದಿನ ಮಹದೇವಮ್ಮ ಬಾಗಿಲಲ್ಲೇ ಕಾಯುತ್ತಿದ್ದರು. "ಸಾ, ಅಲ್ಲಿ ಅಲ್ಲಾಡೋದು ದಾರ. ಇಲ್ಲಿ ಅಲ್ಲಾಡೋದು ಏನು?"

ಇದಕ್ಕೆ ಜಗತ್ತಿನ ದೊಡ್ಡ ದೊಡ್ಡವರೇ ಇನ್ನೂ ಜಗಳವಾಡುತ್ತಿದ್ದಾರೆ ಎಂದೆ. ಅವರ ಮುಖ ಅರಳಿತು. ತಾವೂ ಆ ಜಗಳಕ್ಕೆ ಸೇರಬಹುದಾದ ಜಾಗಕ್ಕೆ ಬಂದಿದ್ದೇವೆ ಎಂಬ ಸಂತೋಷವಿರಬೇಕು.

ಮಾರ್ಚಿನಲ್ಲಿ ಶಾಲು, ಹಾರ, ಹಣ್ಣಿನ ಬುಟ್ಟಿ ಎಲ್ಲ ಆಯಿತು. ಪ್ರಾಂಶುಪಾಲರು ಅವರ ಶ್ರದ್ಧೆಯ ಬಗ್ಗೆ ಮಾತಾಡಿದರು. ಉಬ್ಬಿನ ವಿಷಯ ಯಾರಿಗೂ ಗೊತ್ತಿರಲಿಲ್ಲ, ನಾವೂ ಹೇಳಲಿಲ್ಲ.

ಜೂನಿನಲ್ಲಿ ಕಾಲೇಜು ತೆರೆದ ವಾರ, ಗೇಟಿನ ಕಾವಲುಗಾರ ನನ್ನನ್ನು ಕರೆಸಿದ. ಹೊಸಬ. ಹೊರಗಿನವರು ಬಂದರೆ ರಿಜಿಸ್ಟರಿನಲ್ಲಿ ಹೆಸರು ಬರೆಸಿಕೊಂಡೇ ಒಳಗೆ ಬಿಡಬೇಕೆಂಬ ನಿಯಮ ಅವನದು. "ಈಯಮ್ಮ ನಿಮ್ಮನ್ ನೋಡ್ಬೇಕಂತೆ ಸಾ. ಬಂದ ಕಾರಣ ಅಂತಿರೋ ಕಡೆ ಏನೋ ಬರ್ದವ್ರೆ, ಇಂಗೆಲ್ಲ ಬರಿಬೋದಾ ನೋಡಿ," ಎಂದ. ಮಹದೇವಮ್ಮ ಸೀರೆಯ ಸೆರಗಿನಲ್ಲಿ ಬೆವರೊರೆಸಿಕೊಳ್ಳುತ್ತ ಪಕ್ಕದಲ್ಲೇ ನಿಂತಿದ್ದರು. ಅವರ ಮೇಲಿನ ಸಾಲುಗಳಲ್ಲಿ 'ಟಿ.ಸಿ.', 'ಅಡ್ಮಿಷನ್', 'ಮಾರ್ಕ್ಸ್ ಕಾರ್ಡ್' ಎಂದಿತ್ತು. ಅವರ ಸಾಲಿನಲ್ಲಿ ಗುಂಡು ಗುಂಡಾದ ಅಕ್ಷರದಲ್ಲಿ 'ಡೌಟು' ಎಂದಿತ್ತು.

ಬರೆಯಬಹುದು ಎಂದೆ. ಅಷ್ಟೂ ವರ್ಷಗಳಲ್ಲಿ ಆ ಕಾರಣಕ್ಕಾಗಿ ಕಾಲೇಜಿಗೆ ಬಂದವರನ್ನು ನಾನು ನೋಡಿದ್ದು ಅದೇ ಮೊದಲು.